ಮಂಡಿಯಿಲ್ಲದವನು ಕೂತ ಕಥೆ

ಆಸ್ಪತ್ರೆಯ ಬಟ್ಟೆ ಒಗೆಯುವ ನಮ್ಮ ಲಾಂಡ್ರಿಯಲ್ಲಿ ಇಸ್ತ್ರಿ ಮಾಡುವವರು ಕೂರುವಂತಿಲ್ಲ. ಕೂತರೆ ಬೆಡ್‌ಶೀಟಿನ ಮಡಿಕೆ ನೆಟ್ಟಗೆ ಬರುವುದಿಲ್ಲವೆಂದು ಮ್ಯಾನೇಜರರ ಸಂಶೋಧನೆ. ಆ ಸಂಶೋಧನೆಯನ್ನು ಅವರು ಮೆತ್ತನೆಯ ಕುರ್ಚಿಯಲ್ಲಿ ಕೂತೇ ಮಾಡಿದರು. ಕೂತವರ ಮೇಲೆ ಚಾಡಿ ಹೇಳಲು ಒಂದು ರೋಬೋಟನ್ನೂ ತಂದರು. ಕೆಳಗೆ ಚಕ್ರ, ಮೇಲೆ ಕಣ್ಣು, ನಡುವೆ ದಪ್ಪ ಹೊಟ್ಟೆ. ನಾವು ಅದಕ್ಕೆ ಪೀಪಾಯಿ ಎಂದು ಹೆಸರಿಟ್ಟೆವು.

ಪಕ್ಕದ ಮೇಜಿನ ಅಕ್ಕ ಏಳು ತಿಂಗಳ ಬಸುರಿ. ಮಧ್ಯಾಹ್ನದ ಹೊತ್ತಿಗೆ ಅವಳ ಕಾಲು ಊದಿ ಕಂಬವಾಗುತ್ತಿತ್ತು. ಆಗಲೇ ಎರಡು ಸಲ ಸಿಕ್ಕಿಬಿದ್ದಿದ್ದಳು. ಇನ್ನೊಮ್ಮೆ ಸಿಕ್ಕರೆ ಕೆಲಸ ಹೋದಂತೆಯೇ. ಗಂಡ ಮನೆಯಲ್ಲಿ ಇಡೀ ದಿನ ಕೂತೇ ಇರುತ್ತಿದ್ದ, ಅವನ ಮೇಲೆ ಚಾಡಿ ಹೇಳುವವರಿರಲಿಲ್ಲ. ನಾವೆಲ್ಲ "ಅಯ್ಯೋ ಪಾಪ" ಎನ್ನುತ್ತಿದ್ದೆವು. ಬಾಯಿಮಾತಿಗೇನು ಬರ.

ಒಂದು ದಿನ ಅವಳು ಬಟ್ಟೆಯ ಮೂಟೆಯ ಮೇಲೆ ಕುಸಿದು ಕೂತಳು. ಪೀಪಾಯಿ ಉರುಳಿಕೊಂಡು ಬಂದು ಅವಳ ಕಾಲನ್ನೇ ನೋಡುತ್ತ ನಿಂತಿತು. ಕಥೆ ಮುಗಿಯಿತು ಎಂದುಕೊಂಡೆ. ಸಂಜೆ ಮ್ಯಾನೇಜರರು ಎಲ್ಲರೆದುರು ವಿಚಾರಣೆಗೆ ನಿಂತರು.

"ಇವತ್ತು ಯಾರು ಕೂತಿದ್ರು?"

"ನಾನು," ಎಂದಿತು ಪೀಪಾಯಿ.

"ನಿನಗೆ ಮಂಡಿನೇ ಇಲ್ವಲ್ಲೋ!"

"ಅದಕ್ಕೇ ತುಂಬಾ ಕಷ್ಟ ಆಯ್ತು ಸಾರ್."

ನಗು ತಡೆಯಲಾರದೆ ನಾನು ಬೆಡ್‌ಶೀಟಿನಲ್ಲಿ ಮುಖ ಮುಚ್ಚಿಕೊಂಡೆ. ಅಕ್ಕ ಮಾತ್ರ ಅತ್ತಳು. ಹೆತ್ತವ್ವ ಕೂಡ ಅವಳಿಗಾಗಿ ಒಂದು ಸುಳ್ಳು ಹೇಳಿರಲಿಲ್ಲವಂತೆ.

ಆಮೇಲೆ ದಿನವೂ ಪೀಪಾಯಿಯೇ ಕೂತಿತು. ಕೊನೆಗೆ ಮೆಕ್ಯಾನಿಕ್ ಬಂದ. ಅದರ ಹೊಟ್ಟೆ ಬಿಚ್ಚಿ ನೋಡಿ ತಲೆ ಕೆರೆದುಕೊಂಡ.

"ಎಲ್ಲಾ ಸರಿಯಾಗೇ ಇದೆ ಸಾರ್. ಕೂತೋರ ಹೆಸರು ಹೇಳು ಅಂತಾನೇ ಪ್ರೋಗ್ರಾಂ ಇರೋದು. ಆದ್ರೂ ಹೇಳ್ತಿಲ್ಲ. ಕನಿಕರ ಬಂದಿರೋ ಹಾಗಿದೆ."

ಮ್ಯಾನೇಜರರು ಹಿಂದೆ ಸರಿದರು. "ಅದು ಅಂಟುತ್ತಾ?"

"ಬೇರೆ ಮಷಿನ್‌ಗೆ ಅಂಟಬಹುದು. ಮನುಷ್ಯರಿಗೆ ಅಂಟಿದ್ದು ನಾನು ನೋಡಿಲ್ಲ."

ಅವತ್ತೇ ಪೀಪಾಯಿಯನ್ನು ಗುಜರಿಗೆ ಹಾಕಿದರು. ತಳ್ಳಿಕೊಂಡು ಹೋಗುವಾಗ ಅಕ್ಕ ಓಡಿಬಂದು ಅದರ ಮೈಮೇಲೆ ಕೈಯಿಟ್ಟಳು.

"ನಿಂತ್ಕೋಬೇಡಿ ಅಕ್ಕಾ, ಕಾಲು ನೋಯುತ್ತೆ," ಎಂದಿತು.

ನಾನು ತಲೆ ಎತ್ತಿ ನೋಡಿದೆ. ಕೈ ಮಾತ್ರ ಇಸ್ತ್ರಿ ಮಾಡುತ್ತಲೇ ಇತ್ತು.

ಮರುದಿನ ಆ ಜಾಗಕ್ಕೆ ಮ್ಯಾನೇಜರರ ಬಾಮೈದ ಬಂದ. ಬಾಗಿಲ ಬಳಿ ಸ್ಟೂಲು ಹಾಕಿಸಿಕೊಂಡು ಕೂತ. ಊಟದ ಗಂಟೆ ಹೊಡೆಯುವ ಮೊದಲೇ ಅಕ್ಕನ ಕಡೆ ಬೆರಳು ತೋರಿಸಿದ. ಅವಳು ಗೋಡೆ ಹಿಡಿದುಕೊಂಡು ಮೆಟ್ಟಿಲಿಳಿದು ಹೋದಳು. ನಾವು ಅವಳ ಮೇಜಿನ ಬೆಡ್‌ಶೀಟುಗಳನ್ನು ಹಂಚಿಕೊಂಡೆವು. ಮ್ಯಾನೇಜರರೇ ನಮಗೆ ಸಮಾಧಾನ ಹೇಳಿದರು:

"ಏನೂ ಯೋಚನೆ ಮಾಡ್ಬೇಡಿ. ಯಂತ್ರನ ನಂಬೋಕಾಗಲ್ಲ ಅಂತ ಈ ಸಲ ಮನುಷ್ಯನ್ನೇ ಇಟ್ಟಿದ್ದೀನಿ."