ಸಿಪ್ಪೆ ನೀರಿನ ಹಿಟ್ಟು

ಡಿಸೆಂಬರ್ ಹದಿನಾರರ ಬೆಳಿಗ್ಗೆ ಪುರಸಭೆಯವರು ಚರ್ಚಿನ ಮುಂದೆ ನನ್ನ ದೊಡ್ಡಮ್ಮ ಹೆರ್ಮೆಲಿಂದಾ ಹೂಡಿದ್ದ ಒಲೆಯನ್ನು ಕಿತ್ತು, ನಾದಿಟ್ಟಿದ್ದ ಹಿಟ್ಟನ್ನು ಚರಂಡಿಗೆ ಸುರಿದರು. ಹಿಟ್ಟಿನಲ್ಲಿ ಕಸ ಬೆರೆಸಿದ್ದಾಳೆ ಎಂದು ಬರೆದ ಚೀಟಿಯನ್ನು ಕಂಬಕ್ಕೆ ಅಂಟಿಸಿದರು.

ಕಸ ಎಂದರೆ ಟೊಮ್ಯಾಟೊ ಸಿಪ್ಪೆ. ನಮ್ಮ ಹಸಿರು ಟೊಮ್ಯಾಟೊ ಹೊದ್ದುಕೊಂಡಿರುತ್ತದಲ್ಲ, ಕಾಗದದಂಥ ಒಣ ಸಿಪ್ಪೆ, ಅದು. ಅದನ್ನು ಕುದಿಸಿ ಸೋಸಿದ ನೀರಿನಲ್ಲಿ ಮೈದಾ ಕಲಸದಿದ್ದರೆ, ತೆಳ್ಳಗೆ ಎಳೆದು ಎಣ್ಣೆಯಲ್ಲಿ ಕರಿಯುವ ಬುನ್ಯುವೆಲೊ ಗರಿಗರಿಯಾಗುವುದಿಲ್ಲವೆಂದು ಮಿಚೊವಕಾನ್ ಪ್ರಾಂತ್ಯದ ನಮ್ಮ ಕಡೆ ಮಕ್ಕಳಿಗೂ ಗೊತ್ತು. ರಾಜಧಾನಿಯಿಂದ ಬಂದಿದ್ದ ಹೊಸ ಆರೋಗ್ಯಾಧಿಕಾರಿಗೆ ಗೊತ್ತಿರಲಿಲ್ಲ. ಅವನ ಪಕ್ಕದಲ್ಲಿ ನಿಂತಿದ್ದ ಗುಮಾಸ್ತ ಇವಾರಿಸ್ತೊಗೆ ಚೆನ್ನಾಗಿ ಗೊತ್ತಿತ್ತು. ನಮ್ಮ ಪಕ್ಕದ ಮನೆಯಲ್ಲೇ ಬೆಳೆದವನು. ಆದರೂ ಸುಮ್ಮನೆ ನಿಂತಿದ್ದ. ಆ ಜಾಗದ ಮೇಲೆ ಎದುರಿನ ಹೋಟೆಲಿನವರು ಕಣ್ಣು ಹಾಕಿ ವರ್ಷವಾಗಿತ್ತು. ಮೊದಲು ನಮ್ಮ ತಿಂಡಿಗೆ ಕೆಟ್ಟ ಹೆಸರಿಡುತ್ತಾರೆ, ಜಾಗ ಕಿತ್ತುಕೊಳ್ಳುವುದು ಆಮೇಲೆ.

ನಾಲ್ಕು ದಿನ ದೊಡ್ಡಮ್ಮ ಬಾಣಲೆ ಮುಟ್ಟಲಿಲ್ಲ. ಐದನೆಯ ದಿನ ಊಟವಾದ ಮೇಲೆ ಇದ್ದಕ್ಕಿದ್ದಂತೆ, “ಅಂಪಾರೊ, ಏಳೇ, ಹಾಸಿಗೆ ಖಾಲಿ ಮಾಡು,” ಎಂದಳು. ಬುನ್ಯುವೆಲೊ ಮಾಡುವುದು ಮಾರುವುದಕ್ಕಲ್ಲ, ಮನೆಗೆ.

ಹಾಸಿಗೆ ಖಾಲಿ ಮಾಡು! ಆ ಮಾತು ಕಿವಿಗೆ ಬಿದ್ದು ಎಷ್ಟು ವರ್ಷವಾಗಿತ್ತು. ಅಜ್ಜಿ ಪೊರ್ಫಿರಿಯಾ ಇದ್ದಾಗ ಕ್ರಿಸ್‌ಮಸ್‌ಗೆ ವಾರವಿರುವಾಗಲೇ ಮನೆಯ ಮಂಚಗಳೆಲ್ಲ ಬುನ್ಯುವೆಲೊಗಳ ಪಾಲಾಗುತ್ತಿದ್ದವು. ಅಜ್ಜಿ, ಅಮ್ಮ, ದೊಡ್ಡಮ್ಮ ಮೂವರೂ ಅಂಗಳದ ಬಿಸಿಲಿನಲ್ಲಿ ಗಿಡ್ಡ ಕುರ್ಚಿ ಹಾಕಿಕೊಂಡು, ಮಂಡಿಗೆ ಕಸೂತಿ ಬಟ್ಟೆ ಹೊದಿಸಿ, ಹಿಟ್ಟಿನ ಉಂಡೆಯನ್ನು ಅದರ ಮೇಲಿಟ್ಟು ಸುತ್ತಲೂ ಎಳೆಯುತ್ತಿದ್ದರು. ಬಟ್ಟೆಯ ಮೇಲಿನ ಹೂವು ಹಿಟ್ಟಿನೊಳಗಿಂದ ಕಾಣಿಸುವವರೆಗೆ ಎಳೆಯಬೇಕು. ಹರಿಯಬಾರದು. ಎಳೆದದ್ದನ್ನು ಮಂಚದ ಬಿಳಿ ಹೊದಿಕೆಯ ಮೇಲೆ ಆರಲು ಹರಡಿದರೆ ನಮಗೆ ಕೂರಲೂ ಜಾಗವಿಲ್ಲ. ಒಂದು ಸಲ ಆಡಿ ದಣಿದಿದ್ದ ನಾನು ನೋಡದೆ ಮಂಚದ ಮೇಲೆ ಬಿದ್ದುಕೊಂಡೆ. ಅಜ್ಜಿ ಬೈಯಲಿಲ್ಲ. ನನ್ನ ಬೆನ್ನಿಗೆ ಅಂಟಿದ್ದನ್ನು ಒಂದೊಂದಾಗಿ ಬಿಡಿಸಿ ಎಣ್ಣೆಗೆ ಬಿಟ್ಟು, “ನಿನ್ನ ಬೆನ್ನಿನ ಬುನ್ಯುವೆಲೊ ನೀನೇ ತಿನ್ನು ಮಹಾರಾಣಿ,” ಎಂದಳು. ಅಮ್ಮ ನಕ್ಕು ನಕ್ಕು ಕುರ್ಚಿಯಿಂದ ಜಾರಿದ್ದಳು. ಈಗ ಅಮ್ಮನೂ ಇಲ್ಲ, ಅಜ್ಜಿಯೂ ಇಲ್ಲ. ಅಂಗಳದಲ್ಲಿ ಉಳಿದದ್ದು ನಾವಿಬ್ಬರೇ.

ನಾನು ಎಳೆದದ್ದು ಹರಿಯಿತು. “ಮಂಡಿಯೋ ಮೊಳೆಯೋ?” ಎಂದಳು ದೊಡ್ಡಮ್ಮ. ಐದು ದಿನಗಳ ನಂತರ ಮೊದಲ ಸಲ ನಕ್ಕಳು.

ಮೊದಲ ಬುನ್ಯುವೆಲೊ ಎಣ್ಣೆಯಲ್ಲಿ ಉಬ್ಬುತ್ತಿದ್ದಾಗ ಇವಾರಿಸ್ತೊ ಬಾಗಿಲು ತಳ್ಳಿಕೊಂಡು ಬಂದ.

“ಬೀದಿ ತುಂಬ ಘಮ್ ಅಂತಿದೆ, ದೊಡ್ಡಮ್ಮ!”

“ಕಸ ಹಂಗೇ ಕಣೋ, ವಾಸನೆ ಬರುತ್ತೆ.”

ಅವನು ಹಲ್ಲು ಕಿರಿದ. ಕೇಳದೆಯೇ ಒಂದನ್ನು ಮುರಿದು, ಸೀಬೆಹಣ್ಣು, ಚಕ್ಕೆ ಹಾಕಿ ಕಾಯಿಸಿದ್ದ ಬೆಲ್ಲದ ಪಾಕದಲ್ಲಿ ಅದ್ದಿ ತಿಂದ. ಆಮೇಲೆ ಬೆರಳು ಒರೆಸಿಕೊಂಡು ಒಂದು ಕಾಗದ, ಪೆನ್ನು ತೆಗೆದ.

“ಒಂದು ಸಹಿ ಹಾಕಿಬಿಡು. ನಾಳೆ ಬೆಳಿಗ್ಗೆ ನಿನ್ನ ಜಾಗ ನಿಂಗೆ. ಸಾಹೇಬ್ರನ್ನ ನಾನೇ ಒಪ್ಪಿಸಿದೀನಿ. ಇವತ್ತು ಐದು ಗಂಟೆ ದಾಟಿದ್ರೆ ಮಾತ್ರ ಅದು ಹೋಟೆಲ್‌ನೋರ ಪಾಲು.”

ದೊಡ್ಡಮ್ಮ ಕೈಯ ಹಿಟ್ಟು ಒರೆಸಿಕೊಂಡು ಪೆನ್ನು ತೆಗೆದುಕೊಂಡಳು. ಬೇಡವೆನ್ನಲು ನಾನು ಯಾರು? ಅಜ್ಜಿ ನಲವತ್ತು ಚಳಿಗಾಲ ಕೂತಿದ್ದ ಜಾಗ. ಆಮೇಲೆ ಇಪ್ಪತ್ತು ಚಳಿಗಾಲ ಇವಳು. ಅದಿಲ್ಲದಿದ್ದರೆ ಇವಳಿಗೆ ಕ್ರಿಸ್‌ಮಸ್ಸೂ ಇಲ್ಲ, ಬದುಕೂ ಇಲ್ಲ.

“ಕನ್ನಡಕ ಒಳಗಿದೆ. ನೀನೇ ಓದು,” ಎಂದಳು.

ಇವಾರಿಸ್ತೊ ಗಂಟಲು ಸರಿಮಾಡಿಕೊಂಡ. “ಹಿಟ್ಟಿನಲ್ಲಿ ಕಸ ಬೆರೆಸಿದ್ದು ನಿಜ. ನನ್ನ ತಾಯಿ ಪೊರ್ಫಿರಿಯಾ ಅವರ ಕಾಲದಿಂದಲೂ ಹೀಗೆಯೇ ಬೆರೆಸುತ್ತ ಬಂದಿದ್ದೇವೆ. ಇನ್ನು ಮುಂದೆ...”

“ಅಮ್ಮನ ಹೆಸರು ಯಾಕೋ?”

“ಪರವಾನಗಿ ಅವರ ಹೆಸರಲ್ಲೇ ಇದೆಯಲ್ಲ. ಸತ್ತೋರಿಗೇನು ನಷ್ಟ ದೊಡ್ಡಮ್ಮ? ಬರೀ ಕಾಗದ. ಸಿಪ್ಪೆನ ಮನೇಲೇ ಕುದಿಸ್ಕೊಂಡು ಬಾ, ಯಾರು ನೋಡ್ತಾರೆ?”

“ಅಂದ್ರೆ ಕಳ್ಳಿ ಥರ ಕುದಿಸ್ಬೇಕು. ಅಮ್ಮ ಊರಿಗೆಲ್ಲ ಕಸ ತಿನ್ನಿಸಿದಳು ಅಂತ ನಾನೇ ಬರ್ಕೊಡ್ಬೇಕು.” ದೊಡ್ಡಮ್ಮನ ದನಿ ಏರಲಿಲ್ಲ. “ನಿಂಗೆ ಜ್ವರ ಬಂದು ನೀರೂ ಇಳೀದೇ ಇದ್ದಾಗ ಇದನ್ನೇ ಪಾಕದಲ್ಲಿ ನೆನೆಸಿ ಬಾಯಿಗಿಟ್ಟೋಳು ಅವಳು. ನಿಮ್ಮಮ್ಮ ಅಳ್ತಾ ಕೂತಿದ್ದಳು.”

ಇವಾರಿಸ್ತೊ ನೆಲ ನೋಡಿದ. ಆಮೇಲೆ ಗಡಿಯಾರ ನೋಡಿದ.

“ಐದಕ್ಕೆ ಹತ್ತೇ ನಿಮಿಷ. ಹಠ ಬೇಡ, ಹಾಕು.”

ದೊಡ್ಡಮ್ಮ ಪೆನ್ನನ್ನು ಅವನ ಅಂಗಿಯ ಜೇಬಿಗೆ ಸಿಕ್ಕಿಸಿದಳು.

“ಹಾಕಲ್ಲ,” ಎಂದಳು. “ಐದಾಗ್ಲಿ, ಆರಾಗ್ಲಿ. ಹಾಕಲ್ಲ.”