ಹೊಸ ಹಾಸಿಗೆಯ ಪ್ಲಾಸ್ಟಿಕ್

ಯಾರೋ ಕೆಂಪು ದೊಣ್ಣೆಮೆಣಸಿನಕಾಯಿ ಸುಡುತ್ತಿದ್ದಾರೆ, ಕೋರ್ಟಿನ ಹಿಂದಿನ ಅಂಗಳದಲ್ಲೇ ಇರಬೇಕು, ಕಿಟಕಿ ಮುಚ್ಚಿದ್ದರೂ ವಾಸನೆ ಒಳಗೆ ಬಂದು ಬೆಂಚಿನ ಮೇಲೆ ನನ್ನ ಪಕ್ಕದಲ್ಲೇ ಕೂತಿದೆ, ಸೆಪ್ಟೆಂಬರ್ ಬಂತೆಂದರೆ ನಮ್ಮ ಬಲ್ಗೇರಿಯಾದಲ್ಲಿ ನ್ಯಾಯಾಧೀಶರ ಕೋಟೂ ಇದೇ ವಾಸನೆ ಹೊಡೆಯುತ್ತದೆ, ನಾನೂ ಎರಡು ಮೂಟೆ ತಂದಿಟ್ಟಿದ್ದೇನೆ, ಸುಟ್ಟದ್ದರ ಸಿಪ್ಪೆ ಸುಲಿಯುವುದು ಮಗಳು ಜೋರ್ನಿತ್ಸಾಳ ಕೆಲಸ, ಆಗಿತ್ತು, ಐದು ವರ್ಷದವಳು, ಮೂಗಿಗೆಲ್ಲ ಮಸಿ — ಈಗ ಎಂಟು. ಒಳಗೆ ಏನು ಹೇಳಬೇಕೆಂದು ವಕೀಲ ಹೇಳಿಕೊಟ್ಟಿದ್ದಾನೆ, ನೀವು ತಾಯಿ, ಹಕ್ಕು ನಿಮ್ದೇ ಇದೆ, ಯಾರೂ ಕಿತ್ಕೊಂಡಿಲ್ಲ, ಮಗು ಎಲ್ಲಿರ್ಬೇಕು ಅನ್ನೋದನ್ನ ಮಾತ್ರ ಕೋರ್ಟು ಹೇಳತ್ತೆ. ಹಕ್ಕು ನನ್ನ ಹತ್ತಿರ, ಮಗು ಅವರ ಹತ್ತಿರ, ಬೀಗದ ಕೈ ನನಗೆ ಕೊಟ್ಟು ಮನೆಯನ್ನೇ ಹೊತ್ತುಕೊಂಡು ಹೋದ ಹಾಗೆ. ನನಗೆ ಕ್ಷಯ ಬಂದಾಗ ಅವಳನ್ನು ಸರ್ಕಾರದ ಮಕ್ಕಳ ಮನೆಗೆ ಬಿಡಲು ನಾನೇ ಸಹಿ ಹಾಕಿದ್ದು, ಸ್ಪೇನಿಗೆ ಹೋದ ಗಂಡ ಹೋದವನು ಹೋದ, ಇನ್ಯಾರಿದ್ದರು, ಸ್ವಲ್ಪ ದಿನ ಅಷ್ಟೇ ಅಂದರು, ಆಸ್ಪತ್ರೆಯಿಂದ ಎದ್ದು ಬಂದರೆ ಕೊಟ್ಟಷ್ಟು ಸುಲಭಕ್ಕೆ ಮಗು ವಾಪಸು ಬರುವುದಿಲ್ಲ, ಮನೆ ತೋರಿಸು, ಸಂಬಳ ತೋರಿಸು, ಶ್ವಾಸಕೋಶ ತೋರಿಸು, ಮಗುವಿಗೆ ಬೇರೆ ಮಂಚ ತೋರಿಸು. ತೋರಿಸಿದೆ, ಹೊಲಿಗೆ ಕಾರ್ಖಾನೆಯಲ್ಲಿ ಹಗಲೂ ಇರುಳೂ ದುಡಿದು ತಂದ ಹೊಸ ಹಾಸಿಗೆ, ಪ್ಲಾಸ್ಟಿಕ್ ತೆಗೆಯಲಿಲ್ಲ, ಹೊಸದರ ಪ್ಲಾಸ್ಟಿಕ್ ಯಾರು ತೆಗೆಯುತ್ತಾರೆ, ನಮ್ಮಮ್ಮ ಸೋಫಾದ್ದನ್ನು ಸಾಯುವವರೆಗೂ ತೆಗೆಯಲಿಲ್ಲ, ಬೇಸಿಗೆಯಲ್ಲಿ ಏಳುವಾಗ ತೊಡೆಯ ಚರ್ಮವೇ ಕಿತ್ತು ಬರುತ್ತಿತ್ತು, ಎದುರುಮನೆಯ ವುತಾ ಅಜ್ಜಿಯ ಟಿವಿ ರಿಮೋಟು ಇವತ್ತಿಗೂ ಪ್ಲಾಸ್ಟಿಕ್ ಅಂಗಿ ತೊಟ್ಟಿದೆ, ಹೊಸದು ಹೊಸದಾಗೇ ಇರ್ಲಿ ಕಣೇ ದೊನ್ಕಾ, ಮಗು ಪೂರ್ತಿ ಬಂದ ದಿನ ಅವಳ ಕೈಲೇ ಹರಿಸು, ಅಂದಿದ್ದಳು ಅಜ್ಜಿ, ನನ್ನ ಆಸೆಯೂ ಅದೇ, ಮೇಲೊಂದು ಹೂವಿನ ಬೆಡ್‌ಶೀಟು ಹಾಸಿದೆ. ಹೋದ ತಿಂಗಳು ಎರಡು ದಿನಕ್ಕೆ ಕಳಿಸಿದರು, ಹೊಂದಿಕೊಳ್ಳುತ್ತಾಳಾ ನೋಡಲು, ಗಿಣ್ಣು ತುಂಬಿದ ಪದರದ ರೊಟ್ಟಿ, ಬಾನಿತ್ಸಾ, ಮಾಡಿದ್ದೆ, ತಟ್ಟೆ ನೆಕ್ಕಿದಳು, ನಕ್ಕಳು ಕೂಡ, ಮಲಗುವ ಹೊತ್ತಿಗೆ ಮಂಚದ ಅಂಚಿಗೆ ಕೂತು ಬೆಡ್‌ಶೀಟಿನ ಕೆಳಗೆ ಅಂಗೈ ತೂರಿಸಿ ಒತ್ತಿದಳು, ಪರಪರ ಅಂತು, ಮತ್ತೆ ಒತ್ತಿದಳು, ನಿಂಗೆ ಯಾರು ಹೇಳಿದ್ರು, ಅಂದಳು — ಏನು ಪುಟ್ಟಾ — ಏನಿಲ್ಲ. ಹಾಲು ಬೇಡ ಅಂದಳು, ನೀರೂ ಬೇಡ, ಬೆಳಿಗ್ಗೆ ನೋಡಿದರೆ ಕೋಟು ಹಾಕಿಕೊಂಡು ನೆಲದ ಮೇಲೆ ಗೋಡೆಗೊರಗಿ ನಿದ್ದೆ ಹೋಗಿದ್ದಾಳೆ, ಹಾಸಿಗೆಯಲ್ಲಿ ಒಂದು ಸುಕ್ಕಿಲ್ಲ, ಅಪ್ಪನ ಹಠ ಅಂದುಕೊಂಡೆ, ಕೋಪವೂ ಬಂತು.

ಗೆರ್ಗೋವಾ ಬರುತ್ತಿದ್ದಾಳೆ, ಮಕ್ಕಳ ಇಲಾಖೆಯವಳು, ಕೆಟ್ಟವಳೇನಲ್ಲ, ಚಪ್ಪಲಿ ಮಾತ್ರ ಯಾವಾಗಲೂ ಅವಸರದಲ್ಲಿರುತ್ತದೆ, ದೊನ್ಕಾ ಅವ್ರೇ, ಒಳಗೆ ಹೋಗೋ ಮುಂಚೆ ಹೇಳ್ಬಿಡ್ತೀನಿ, ಮಗು ಬರಲ್ಲ ಅಂತಿದೆ, ಹೊಡೆದ್ರಾ ಅಂದೆ, ಇಲ್ಲ ಅಂತು, ಅಮ್ಮ ಇಷ್ಟ ಇಲ್ವಾ ಅಂದೆ, ಇಷ್ಟ ಅಂತು, ಮತ್ಯಾಕೆ ಅಂದ್ರೆ ಅಲ್ಲೂ ಪ್ಲಾಸ್ಟಿಕ್ ಹಾಕಿದಾರೆ ಅಂತು. ನನಗೆ ನಗು ಬರುತ್ತದೆ, ಅದು ಅಂಗಡಿ ಪ್ಲಾಸ್ಟಿಕ್ಕು ಮೇಡಂ, ಹಾಸಿಗೆ ಹೊಸ್ದು — ಅಲ್ಲಮ್ಮಾ, ಅವಳು ರಾತ್ರಿ ಹಾಸಿಗೆ ಒದ್ದೆ ಮಾಡ್ಕೋತಾಳೆ, ನಿಮ್ಗೆ ಯಾರೂ ಹೇಳಿಲ್ವಾ, ಮಕ್ಕಳ ಮನೇಲಿ ಒದ್ದೆ ಮಾಡೋರ ಹಾಸಿಗೆಗೆ ಮಾತ್ರ ಪ್ಲಾಸ್ಟಿಕ್ ಹಾಕ್ತಾರೆ, ಉಳಿದವು ಆಡ್ಕೊಂಡು ನಗ್ತಾವೆ, ಅಮ್ಮಂಗೂ ಹೇಳ್ಬಿಟ್ಟಿದಾರೆ ಅಂದ್ಕೊಂಡಿದಾಳೆ. ಯಾರೂ ಹೇಳಿಲ್ಲ, ಹಕ್ಕು ನನ್ನದು, ತಾಯಿ ನಾನು, ನನಗೆ ಯಾರೂ ಹೇಳಿಲ್ಲ, ನನ್ನ ಮಗ್ಗುಲಲ್ಲಿ ಮಲಗುತ್ತಿದ್ದಾಗ ಒಂದು ದಿನವೂ ಒದ್ದೆ ಮಾಡಿದವಳಲ್ಲ, ಅದಕ್ಕೇ ನೀರು ಬೇಡ ಅಂದಳು, ಅದಕ್ಕೇ ಕೋಟು, ಅದಕ್ಕೇ ನೆಲ, ನನ್ನ ಹಾಸಿಗೆ ಹಾಳಾಗದಿರಲಿ ಅಂತ, ಅಯ್ಯೋ ನನ್ನ ಕಂದ. ಕರೆಯುತ್ತಿದ್ದಾರೆ, ದೊನ್ಕಾ ಇಲಿಯೇವಾ, ಒಳಗೆ ಬನ್ನಿ — ಏಳುತ್ತೇನೆ, ವಕೀಲ ಕಲಿಸಿದ್ದು ಒಂದೂ ನೆನಪಿಲ್ಲ, ಎದುರಿಗೆ ನ್ಯಾಯಾಧೀಶರ ಕನ್ನಡಕ, ಮಗುವಿಗೆ ಬೇರೆ ಹಾಸಿಗೆ ಇದೆಯೇನಮ್ಮಾ, ಇದೆ ಅನ್ನಬೇಕು, ಇದೆ ಅಂದರೆ ಸಾಕು, ಕಣ್ಣೆದುರಿಗೆ ಬೆಡ್‌ಶೀಟಿನ ಕೆಳಗೆ ಪುಟ್ಟ ಅಂಗೈ, ಒತ್ತುತ್ತದೆ, ಪರಪರ, ಮತ್ತೆ ಒತ್ತುತ್ತದೆ