ಪಂಪುಮನೆಯ ಕ್ಯಾಪ್ಟನ್

ಆಪರೇಷನ್ ಮುಗಿದ ಮೇಲೆ ಕಣ್ಣಿನ ಡಾಕ್ಟರಮ್ಮ ಟೈಲರಮ್ಮನಿಗೆ ಕಟ್ಟುನಿಟ್ಟಾಗಿ ಹೇಳಿದರು: "ಇನ್ನೊಂದು ಹತ್ತು ದಿನ ಮುಖ ಕೆಳಗೇ ಇರಬೇಕು. ಮಲಗಿದ್ರೆ ಬೋರಲು, ಕೂತ್ರೆ ತಲೆ ಬಗ್ಗಿಸಿ." ಕಣ್ಣಿನ ಹಿಂಬದಿಯಲ್ಲಿ ಕಳಚಿಕೊಂಡಿದ್ದ ಪರದೆ ಮತ್ತೆ ಅಂಟಿಕೊಳ್ಳಲೆಂದು ಒಳಗೊಂದು ಗಾಳಿಗುಳ್ಳೆ ಬಿಟ್ಟಿದ್ದರು. ಮುಖ ಮೇಲೆತ್ತಿದರೆ ಗುಳ್ಳೆ ತನ್ನ ಜಾಗ ಬಿಟ್ಟು ಸರಿದುಬಿಡುತ್ತಿತ್ತು.

"ಜೀವಮಾನವೆಲ್ಲಾ ಮಿಷನ್ ಮುಂದೆ ತಲೆ ಬಗ್ಗಿಸಿ ಕೂತವಳು ನಾನು. ನನಗೇನು ಹೊಸದು?" ಎಂದು ಟೈಲರಮ್ಮ ಜಂಬದಿಂದಲೇ ಮನೆಗೆ ಬಂದರು. ಮಧ್ಯಾಹ್ನದೊಳಗೆ ಜಂಬ ಇಳಿಯಿತು. ದಿಂಬು ಮೂಗಿಗೆ ಒತ್ತಿ ಉಸಿರು ಕಟ್ಟಿತು, ಕತ್ತು ಮರಗಟ್ಟಿತು. ಪಕ್ಕದ ಮನೆಯ ಬಡಗಿ ಬಂದು ಹಲಗೆ ಮಂಚದ ತಲೆಭಾಗದಲ್ಲಿ ಮುಖ ಹಿಡಿಸುವಷ್ಟು ತೂತು ಕೊರೆದುಕೊಟ್ಟ. ಸೊಸೆ ಅದರ ಅಂಚಿಗೆ ಸ್ಪಂಜು ಸುತ್ತಿ, ಮೇಲೆ ಬಟ್ಟೆ ಹಾಕಿ ಹೊಲಿದಳು.

"ಹೊಲಿಗೆ ಸೊಟ್ಟ" ಎಂದರು ಟೈಲರಮ್ಮ, ಅದರೊಳಗೆ ಮುಖ ಇಟ್ಟ ಕೂಡಲೇ.

ಸೊಸೆ ಆ ಮನೆಗೆ ಬಂದು ಮೂರು ವರ್ಷವಾಗಿತ್ತು. ಬಸ್ ನಿಲ್ದಾಣದಲ್ಲಿ ಮೈಕಿನ ಮುಂದೆ ಕೂತು, ಯಾವ ಬಸ್ಸು ಎಲ್ಲಿ ನಿಂತಿದೆ, ಯಾವುದು ಹೊರಡುತ್ತಿದೆ ಎಂದು ಕೂಗಿ ಹೇಳುವುದು ಅವಳ ಕೆಲಸ. ಅತ್ತೆ ಸೊಸೆಯ ನಡುವೆ ಜಗಳವೇನೂ ಇರಲಿಲ್ಲ, ಸಲಿಗೆಯೂ ಇರಲಿಲ್ಲ. ಹಾಲು ಕಾಯಿಸಿಟ್ಟಿದೆ, ಬೀಗದ ಕೈ ಮೊಳೆಗೆ ಹಾಕಿದೆ, ಇಷ್ಟರಲ್ಲೇ ಮಾತು ಮುಗಿಯುತ್ತಿತ್ತು. ಎಲೆಕ್ಟ್ರಿಷಿಯನ್ ಆಗಿದ್ದ ಮಗ ಬೆಳಿಗ್ಗೆ ಹೋದರೆ ಸಂಜೆಯೇ ಬರುವವನು. ಅದಕ್ಕೇ ಸೊಸೆ ರಜೆ ಹಾಕಿದ್ದಳು.

ಟೈಲರಮ್ಮನಿಗೆ ಟೀವಿ ನೋಡುವಂತಿಲ್ಲ. ರೇಡಿಯೋ ಹಚ್ಚಿದರೆ ತಲೆನೋವು. ಎರಡನೆಯ ದಿನ ಅವರು ತೂತಿನೊಳಗಿಂದಲೇ ಕರೆದರು.

"ಏನೇ, ಅವರ ಬೀರು ತೆಗಿ. ಒಂದು ಪುಸ್ತಕ ತಂದು ಓದು."

ಸೊಸೆ ಬೆಚ್ಚಿದಳು. ಆ ಗಾಜಿನ ಬೀರು ತೀರಿಕೊಂಡ ಮಾವನದು. ಈ ಮನೆಗೆ ಬಂದಂದಿನಿಂದ ಅತ್ತೆ ಅದರ ಧೂಳು ಒರೆಸಿದ್ದನ್ನೂ ಅವಳು ಕಂಡಿರಲಿಲ್ಲ.

ಮಾವನನ್ನು ಇಡೀ ಬೀದಿ ಕ್ಯಾಪ್ಟನ್ ಎಂದೇ ಕರೆಯುತ್ತಿತ್ತು. ನೀರು ಸರಬರಾಜಿನ ಪಂಪುಮನೆಯಲ್ಲಿ ಅವರಿಗೆ ಕೆಲಸ. ಆದರೆ ಮದುವೆಗೆ ಮುಂಚೆ ಹಡಗಿನಲ್ಲಿ ದೇಶ ಸುತ್ತಿದವರು ಎಂಬುದು ಎಲ್ಲರಿಗೂ ಗೊತ್ತಿತ್ತು. ಟೈಲರಮ್ಮ ಗುಂಡಿಯ ಕಾಜಾ ಹಾಕುತ್ತಾ ಕೂತರೆ ಅವರು ಪಕ್ಕದಲ್ಲಿ ಸ್ಟೂಲು ಎಳೆದುಕೊಂಡು ಸಮುದ್ರದ ಕಥೆ ಹೇಳುತ್ತಿದ್ದರು. ಮಂಜು ಮುಸುಕಿದ ನೀರಿನಲ್ಲಿ ಸಣ್ಣ ದೋಣಿಯೊಂದರಲ್ಲಿ ಒಬ್ಬರೇ ನಿಂತು, ಅಡುಗೆಯ ಬಾಣಲೆಯನ್ನು ಸೌಟಿನಿಂದ ಬಡಿದು ಬಡಿದು, ದಾರಿ ತಪ್ಪಿದ ಗೆಳೆಯರನ್ನು ಕರೆದುತಂದ ಪ್ರಸಂಗವಂತೂ ಟೈಲರಮ್ಮನ ಬಾಯಲ್ಲಿ ಸದಾ ಇರುತ್ತಿತ್ತು. ರವಿಕೆಯ ಅಳತೆ ಕೊಡಲು ಬಂದವರು ಆ ಕಥೆ ಕೇಳದೆ ಅಂಗಡಿಯಿಂದ ಹೊರಬಿದ್ದದ್ದೇ ಇಲ್ಲ. ಮಾವನನ್ನು ಕಣ್ಣಲ್ಲಿ ಕಾಣದ ಸೊಸೆಗೂ ಅದು ಬಾಯಿಪಾಠವಾಗಿತ್ತು.

"ಹಡಗು ನಡೆಸೋ ವಿದ್ಯೆ ಆ ಪುಸ್ತಕಗಳಲ್ಲಿದೆ ಅಂತಿದ್ರು. ನಿನಗೆ ಬೇಜಾರಾಗುತ್ತೆ ಬಿಡು ಅಂತಿದ್ರು. ಆಗಲಿ, ಬೇಜಾರೇ ಆಗಲಿ. ಓದು" ಎಂದರು ಟೈಲರಮ್ಮ.

ಸೊಸೆ ಮೊದಲ ಸಂಪುಟ ತೆಗೆದಳು. ಬೆನ್ನಿನ ಮೇಲಿನ ಅಕ್ಷರ ಮಾಸಿ ಹೋಗಿತ್ತು. ಒಳಪುಟ ನೋಡಿದವಳು, "ಅತ್ತೆ, ಇದು ವಿದ್ಯೆಯಲ್ಲ, ಕಥೆ. ಸ್ಕಾಟ್ಲೆಂಡಿನವನೊಬ್ಬ ಬರೆದದ್ದು. ಅವನ ಸಮಗ್ರ ಕೃತಿಗಳಂತೆ, ನಮ್ಮ ಭಾಷೆಗೆ ಮಾಡಿದ್ದಾರೆ. ಪಾಪ, ಚಿಕ್ಕಂದಿನಿಂದ ಕಾಯಿಲೆಯವನಂತೆ. ಎಷ್ಟೋ ಬರೆದದ್ದು ಹಾಸಿಗೆಯಲ್ಲೇ ಅಂತೆ" ಎಂದಳು.

"ಹಾಸಿಗೆ ಹಿಡಿದವನಾ? ಹಾಗಾದ್ರೆ ನಮ್ಮವನೇ. ಓದು."

ಕುರ್ಚಿಯಲ್ಲಿ ಕೂತು ಓದಿದರೆ ಸರಿಯಾಗಿ ಕೇಳಿಸಲಿಲ್ಲ. ಕೊನೆಗೆ ಸೊಸೆ ಚಾಪೆ ಹಾಸಿಕೊಂಡು ಮಂಚದ ಕೆಳಗೇ ಅಂಗಾತ ಮಲಗಿದಳು. ಮೇಲೆ ತೂತಿನಲ್ಲಿ ಅತ್ತೆಯ ಮುಖ, ಕೆಳಗೆ ಸೊಸೆಯ ಮುಖ, ನಡುವೆ ಪುಸ್ತಕ. ಅತ್ತೆಯ ಗದ್ದದ ಮೇಲೊಂದು ಮಚ್ಚೆ ಇದೆ ಎಂಬುದೇ ಅವಳಿಗೆ ಆವತ್ತು ಗೊತ್ತಾಯಿತು.

ಒಂದು ಪುಟ ಮುಗಿಯುವುದರೊಳಗೆ ಟೈಲರಮ್ಮ ತಡೆದರು. "ಅಯ್ಯೋ, ಹಡಗು ಹೊರಟಿತು ಅನ್ನೋದನ್ನ ಬಸ್ಸು ಹೊರಟ ಹಾಗೆ ಕೂಗ್ತೀಯಲ್ಲೇ! ನಾವೇನು ಲಗೇಜು ಹಿಡ್ಕೊಂಡು ಓಡಬೇಕಾ? ಮೆಲ್ಲಗೆ ಓದು. ಕಥೆಯಲ್ಲಿರೋ ಹುಡುಗನಿಗೆ ಮನೆ ಬಿಟ್ಟು ಹೋಗೋಕೆ ಸಂಕಟ ಇದೆ."

ಸೊಸೆಗೆ ನಗು ಬಂತು. ಮೆಲ್ಲಗೆ ಓದಿದಳು. ಮೈಕಿನ ಮುಂದೆ ಅವಳ ದನಿಯನ್ನು ಸಾವಿರ ಜನ ಕೇಳಿರಬಹುದು. ಆದರೆ ಬಸ್ಸು ಸಿಕ್ಕಿದ ಕೂಡಲೇ ಮರೆಯುವ ದನಿ ಅದು. ಇಲ್ಲಿ ಒಬ್ಬರು ಉಸಿರು ಬಿಗಿಹಿಡಿದು ಕೇಳುತ್ತಿದ್ದರು. ಕಥೆಯಲ್ಲಿ ಕಳ್ಳರು ಬಂದರೆ "ಬಾಗಿಲು ಹಾಕೋಕೆ ಹೇಳೇ ಅವನಿಗೆ" ಎನ್ನುತ್ತಿದ್ದರು. ಒಮ್ಮೆ ಊಟಕ್ಕೆ ಏಳಿ ಎಂದರೆ "ಅವನು ಮರದ ಮೇಲಿದ್ದಾನೆ, ನನಗೆಂಥ ಊಟ?" ಎಂದು ಬೈದರು. ಚಿಕ್ಕಂದಿನಲ್ಲೇ ತಾಯಿಯನ್ನು ಕಳೆದುಕೊಂಡಿದ್ದ ಸೊಸೆಗೆ ಆ ಬೈಗುಳವೂ ಹಿತವಾಗಿತ್ತು.

ಒಂದು ಮಧ್ಯಾಹ್ನ, ಮೂರನೆಯ ಸಂಪುಟದ ನಡುವೆ, ಓದುತ್ತಿದ್ದ ಸೊಸೆಯ ನಾಲಿಗೆ ತಡವರಿಸಿತು. ಪುಟದಲ್ಲಿ ಮಂಜು ಇಳಿದಿತ್ತು. ನಾವಿಕನೊಬ್ಬ ಸಣ್ಣ ದೋಣಿ ಹತ್ತಿದ್ದ. ಮುಂದಿನ ಸಾಲಿನಲ್ಲಿ ಬಾಣಲೆ ಇತ್ತು, ಸೌಟೂ ಇತ್ತು.

ಮಾವ ಹೇಳುತ್ತಿದ್ದ ಅದೇ ಪ್ರಸಂಗ. ಗಂಡ ಹೋದ ಮೇಲೆ ಈ ಹೆಂಗಸು ಎದೆಗಪ್ಪಿಕೊಂಡು ಬದುಕಿದ್ದ ಕಥೆ ಇದು. ಅದನ್ನು ತನ್ನ ಬಾಯಿಂದ ಹೇಗೆ ಕಿತ್ತುಕೊಳ್ಳುವುದು? ಸದ್ದಾಗದಂತೆ ಎರಡು ಹಾಳೆ ಒಟ್ಟಿಗೆ ಮಗುಚಿ, ಸಿಕ್ಕ ಸಾಲಿನಿಂದ ಮುಂದುವರಿಸಿದಳು.

"ನಿಲ್ಲಿಸು" ಎಂದರು ಟೈಲರಮ್ಮ. "ಈಗ ತಾನೇ ಮಂಜಿನಲ್ಲಿದ್ದ. ಈಗ ಗೆಳೆಯರ ಜೊತೆ ಕೂತು ಚಳಿ ಕಾಯಿಸ್ತಿದ್ದಾನೆ. ನಡುವಿನ ಸ್ಟಾಪು ಎಲ್ಲಿ ಹೋಯ್ತು?"

"ಅದು... ಹಾಳೆ ಅಂಟಿಕೊಂಡಿದೆ ಅತ್ತೆ."

"ನನ್ನ ಮುಖ ನೋಡಿ ಹೇಳು."

ಬೇರೆ ಎಲ್ಲಿ ನೋಡಲಿಕ್ಕೂ ಅವಳಿಗೆ ಜಾಗವಿರಲಿಲ್ಲ. ಗಾಳಿಗುಳ್ಳೆ ತುಂಬಿದ ಒಂದು ಕಣ್ಣು ಮುಚ್ಚಿತ್ತು, ಇನ್ನೊಂದು ಕಣ್ಣು ಅವಳನ್ನೇ ನೋಡುತ್ತಿತ್ತು. ಸೊಸೆ ಹಾಳೆ ಹಿಂದಕ್ಕೆ ತಿರುವಿ ಓದಿದಳು. ಮಂಜು, ದೋಣಿ, ಬಾಣಲೆಯ ಸದ್ದು, ಒಬ್ಬೊಬ್ಬರಾಗಿ ಈಜಿ ಬಂದ ಗೆಳೆಯರು. ಸೌಟಿನ ಹಿಡಿ ಮುರಿದದ್ದೂ ಅಲ್ಲೇ ಇತ್ತು. ಟೈಲರಮ್ಮ ಹೇಳುತ್ತಿದ್ದುದಕ್ಕಿಂತ ಒಂದು ನೂಲೂ ಆಚೀಚೆ ಇರಲಿಲ್ಲ.

ಓದು ಮುಗಿಯಿತು. ಆಮೇಲೆ ಮಂಚ ಅಲುಗತೊಡಗಿತು.

"ಅತ್ತೆ, ಅಳಬೇಡಿ! ಕಣ್ಣಿಗೆ ಒಳ್ಳೇದಲ್ಲ!" ಎಂದು ಸೊಸೆ ಗಾಬರಿಯಿಂದ ಹೊರಗೆ ತೆವಳಿ ಬಂದಳು.

ಟೈಲರಮ್ಮ ನಗುತ್ತಿದ್ದರು. ಬೆನ್ನು ಕುಲುಕುವಂತೆ, ಬಿಕ್ಕಳಿಕೆ ಬರುವಂತೆ ನಗುತ್ತಿದ್ದರು. "ಪಂಪುಮನೆ ಬಿಟ್ಟು ಎಲ್ಲೂ ಹೋಗಿಲ್ಲ ಕಣೇ ಆ ಮನುಷ್ಯ! ಎಲ್ಲೂ ಹೋಗಿಲ್ಲ!" ನಗು ಇಳಿದ ಮೇಲೆ ದನಿ ಒಡೆಯಿತು. "ಇವತ್ತಿಗೆ ಸಾಕು. ಪುಸ್ತಕ ಮುಚ್ಚು."

ಆವತ್ತು ಸಂಜೆ ಮಗ ಕೆಲಸದಿಂದ ಬಂದು ಚಪ್ಪಲಿ ಬಿಡುತ್ತಿದ್ದಂತೆ ಟೈಲರಮ್ಮ ಕೇಳಿದರು: "ನಿಮ್ಮಪ್ಪ ಯಾವತ್ತಾದ್ರೂ ಹಡಗು ಹತ್ತಿದ್ರೇನೋ?"

ಮಗ ಹೆಂಡತಿಯ ಕಡೆ ನೋಡಿದ. ಅವಳು ಪುಸ್ತಕ ತೋರಿಸಿದಳು. ಅವನು ತಲೆ ಕೆರೆದುಕೊಂಡ. "ಅಮ್ಮ, ಅಪ್ಪನಿಗೆ ಈಜೇ ಬರ್ತಿರಲಿಲ್ಲ. ಟ್ಯಾಂಕಿನೊಳಗೆ ಇಳಿಯೋಕೂ ಬೇರೆಯವರನ್ನ ಕರೀತಿದ್ರು. ನಿಮ್ಮಮ್ಮನಿಗೆ ಹೇಳ್ಬೇಡ ಅಂತ ನನಗೆ ಪೆಪ್ಪರಮೆಂಟು ಕೊಡಿಸ್ತಿದ್ರು."

"ತಿಂದೆಯಲ್ಲ, ಕಳ್ಳ!" ಎಂದರು ಟೈಲರಮ್ಮ. ಮಗ ಅಡುಗೆಮನೆಗೆ ಜಾರಿಕೊಂಡ.

ಸೊಸೆ ಮಂಚದ ಕೆಳಗೆ ಹೋಗಿ, ಪುಸ್ತಕವಿಲ್ಲದೆ, ಸುಮ್ಮನೆ ಮಲಗಿದಳು. ಅತ್ತೆಯೇ ಮಾತು ತೆಗೆದರು.

"ಮದುವೆಯಾದ ಹೊಸದರಲ್ಲಿ ಆಣೆ ಹಾಕಿಸಿಕೊಂಡಿದ್ದೆ ಕಣೇ, ಇನ್ನು ಸಮುದ್ರಕ್ಕೆ ಹೋಗಲ್ಲ ಅಂತ. ನನಗೆ ಭಯ. ಅವರು ತಕ್ಷಣ ಒಪ್ಪಿಬಿಟ್ರು. ಅಷ್ಟು ಬೇಗ ಒಪ್ಪಿದ್ರಲ್ಲ ಅಂತ ನನಗೆ ಆವತ್ತಿಂದ ಒಳಗೊಳಗೇ ಕೊರೆತ. ಅಷ್ಟು ದೊಡ್ಡ ನೀರಲ್ಲಿ ಓಡಾಡಿದವರನ್ನ ತಂದು ಪಂಪುಮನೇಲಿ ಕೂಡಿಹಾಕಿದೆನಲ್ಲ ಅಂತ. ಆ ಬೀರು ನೋಡಿದ್ರೆ ಅದೇ ನೆನಪಾಗೋದು. ಅದಕ್ಕೇ ಮುಟ್ಟಲಿಲ್ಲ."

"ಈಗ ಕೋಪ ಇದೆಯಾ ಅತ್ತೆ?"

"ಮಧ್ಯಾಹ್ನ ಇತ್ತು. ಊರೆಲ್ಲಾ ನನ್ನ ಕೈಲಿ ಡಂಗುರ ಹೊಡೆಸಿದ್ರಲ್ಲ ಅಂತ." ಅವರು ತೂತಿನ ಅಂಚಿನಲ್ಲಿ ಗದ್ದ ಸರಿಮಾಡಿಕೊಂಡರು. "ಆಮೇಲೆ ಯೋಚನೆ ಮಾಡಿದೆ. ಅವರು ಏನನ್ನೂ ಬಿಟ್ಟು ಬಂದವರಲ್ಲ. ಅವರಿಗೆ ಇನ್ನೆಲ್ಲೋ ಹೋಗಬೇಕು ಅಂತಾನೂ ಇರಲಿಲ್ಲ. ನನ್ನ ಪಕ್ಕ ಆ ಸ್ಟೂಲಿನ ಮೇಲೆ ಕೂರೋಕೆ ಒಂದು ನೆಪ ಬೇಕಿತ್ತು, ಅಷ್ಟೆ. ಕಾಜಾ ಹಾಕೋ ಹೆಂಡತಿಗೆ ಬೇಜಾರಾಗಬಾರದು ಅಂತ ದಿನಾ ಓದಿ, ಬಾಯಿಪಾಠ ಮಾಡಿಕೊಂಡು ಬರ್ತಿದ್ರಲ್ಲೇ. ಯಾವ ಗಂಡ ಅಷ್ಟು ಕಷ್ಟಪಡ್ತಾನೆ?"

ತೂತಿನಿಂದ ಕೈ ಇಳಿಬಿಡಲಾಗುವುದಿಲ್ಲ. ಟೈಲರಮ್ಮ ಮಂಚದ ಪಕ್ಕದಿಂದ ಕೈ ಇಳಿಸಿ ತಡವಿದರು. ಸೊಸೆ ಅದನ್ನು ಹಿಡಿದುಕೊಂಡಳು. ಸೂಜಿ ಚುಚ್ಚಿ ಚುಚ್ಚಿ ಗಟ್ಟಿಯಾದ ಬೆರಳುಗಳು.

"ಆ ಎರಡು ಹಾಳೆ ಹಾರಿಸಿದೆಯಲ್ಲ," ಎಂದರು, "ನನಗೆ ನೋವಾಗುತ್ತೆ ಅಂತ ತಾನೆ? ನೀನು ನನ್ನ ಬಗ್ಗೆ ಅಷ್ಟು ಯೋಚನೆ ಮಾಡ್ತೀಯ ಅಂತ ನನಗೆ ಗೊತ್ತೇ ಇರಲಿಲ್ಲ ಮಗಳೇ."

ಮಗಳೇ ಎಂದು ಅವರು ಕರೆದದ್ದು ಅದೇ ಮೊದಲು. ಮರುದಿನ ಬೆಳಿಗ್ಗೆ ಎದ್ದ ಕೂಡಲೇ ಸೊಸೆಯೇ ಪುಸ್ತಕ ತಂದಳು.

ಹತ್ತು ದಿನ ಕಳೆದು ತಪಾಸಣೆಗೆ ಹೋದಾಗ ಡಾಕ್ಟರಮ್ಮ ಪರದೆ ಚೆನ್ನಾಗಿ ಅಂಟಿಕೊಂಡಿದೆ ಎಂದರು. ಗುಳ್ಳೆ ದಿನದಿನಕ್ಕೆ ಸಣ್ಣದಾಗಿ, ತಿಂಗಳು ಕಳೆಯುವುದರೊಳಗೆ ಕರಗಿಹೋಯಿತು. ದೃಷ್ಟಿ ಮೊದಲಿನಷ್ಟು ಅಲ್ಲದಿದ್ದರೂ, ಸೂಜಿಗೆ ದಾರ ಪೋಣಿಸುವಷ್ಟು ಬಂತು. ಟೈಲರಮ್ಮ ಅಂಗಡಿ ತೆರೆದರು. ಸೊಸೆಯೂ ಕೆಲಸಕ್ಕೆ ಹೊರಟಳು.

"ಇನ್ನು ನೀವೇ ಓದ್ಕೊಳ್ಳಬಹುದು ಅತ್ತೆ," ಎಂದಳು ಅವಳು ಬೀರುವಿನ ಬೀಗದ ಕೈ ಕೊಡುತ್ತಾ. ಮನಸ್ಸಿನಲ್ಲಿ ಅತ್ತೆ ಬೇಡವೆನ್ನಲಿ ಎಂಬ ಆಸೆ ಇತ್ತು.

"ಕಣ್ಣು ಬಂತು ಅಂತ ಕಿವಿ ಮುಚ್ಕೊಳ್ಳೋಕಾಗುತ್ತಾ? ಇನ್ನೂ ಅರ್ಧ ಬೀರು ಬಾಕಿ ಇದೆ. ಸಂಜೆ ಬೇಗ ಬಾ" ಎಂದರು ಟೈಲರಮ್ಮ.

ಅವಳು ಬೇಗ ಬಂದಳು. ಇಬ್ಬರೂ ಹೊರಗಿನ ಮೆಟ್ಟಿಲ ಮೇಲೆ ಕೂತರು. ಟೈಲರಮ್ಮ ಸೊಸೆಯ ಕೂದಲಿನ ಸಿಕ್ಕು ಬಿಡಿಸುತ್ತಾ ಕಥೆ ಕೇಳಿದರು, ಬೆಳಕು ಇಳಿಯುವವರೆಗೂ ಸೊಸೆ ಓದಿದಳು.